ಎರಡನೆಯ ಗಾಜು

ಸೆಪ್ಟೆಂಬರ್ ೨, ಸೋಮವಾರ

ಕೆಲಸಕ್ಕೆ ಸೇರಿದೆ. ಊಟದ ಡಬ್ಬಿ ಕೊಡುತ್ತ ಚಿಕ್ಕಮ್ಮ, "ಮನೆ ಕಿಟಕಿ ಒರೆಸು ಅಂದ್ರೆ ಧೂಳು ಆಗಲ್ಲ ಅಂತಿದ್ದೆ. ಈಗ ಎಂ.ಎ. ಮಾಡ್ಕೊಂಡು ಗಾಜು ಒರೆಸೋಕೆ ಹೊರಟೆ ನೋಡು" ಎಂದಳು. ಒಳಗೆ ಮಂಚದ ಮೇಲಿದ್ದ ಅಮ್ಮನಿಗೆ ಅದು ಕೇಳಿಸಿ ನಗು ಬಂತು. ನಗು ಕೆಮ್ಮಾಯಿತು. ಕೆಮ್ಮು ನಿಲ್ಲುವವರೆಗೂ ನಾನೂ ಚಿಕ್ಕಮ್ಮನೂ ಒಬ್ಬರ ಮುಖ ಒಬ್ಬರು ನೋಡದೆ ನಿಂತಿದ್ದೆವು.

ವೀಕ್ಷಣಾಲಯ ಮನೆಯಿಂದ ಎರಡು ಬಸ್ ಸ್ಟಾಪಿನ ದೂರ. ಗುಮ್ಮಟದ ಕೆಳಗಿನ ದೂರದರ್ಶಕದಲ್ಲಿ ಈಗ ಶಾಲೆಯ ಮಕ್ಕಳು ಚಂದ್ರನನ್ನು ನೋಡುತ್ತಾರೆ, ಅಷ್ಟೆ. ನನ್ನ ಕೋಣೆ ನೆಲಮಾಳಿಗೆಯಲ್ಲಿ. ಕಬ್ಬಿಣದ ಕಪಾಟುಗಳಲ್ಲಿ ಗಾಜಿನ ಹಲಗೆಗಳನ್ನು ಪುಸ್ತಕಗಳಂತೆ ನಿಲ್ಲಿಸಿದ್ದಾರೆ. ಹಿಂದೆ ಆಕಾಶದ ಫೋಟೊಗಳನ್ನು ಗಾಜಿನ ಮೇಲೆ ತೆಗೆಯುತ್ತಿದ್ದರಂತೆ. ಒಂದು ಮುಖ ಬರಿಯ ಗಾಜು, ಇನ್ನೊಂದು ಮುಖಕ್ಕೆ ತೆಳುವಾದ ಲೇಪ. ನಕ್ಷತ್ರಗಳಿರುವುದು ಆ ಲೇಪದಲ್ಲಿ. ಎಲ್ಲವೂ ತಿರುಗುಮುರುಗು: ಆಕಾಶ ಬಿಳುಪು, ನಕ್ಷತ್ರ ಕಪ್ಪು. ಬಿಳಿ ಬಟ್ಟೆಯ ಮೇಲೆ ಯಾರೋ ಸಿಟ್ಟಿನಿಂದ ಸಾಸಿವೆ ಎರಚಿದ ಹಾಗಿತ್ತು.

ಅಮ್ಮ ನನ್ನ ಬಾಲ್ಯವೆಲ್ಲ ಇದೇ ಕೋಣೆಯಲ್ಲಿ ಕೂತು ಈ ಗಾಜುಗಳನ್ನು ನೋಡಿದಳು. "ಅಮ್ಮ ಏನು ಕೆಲಸ ಮಾಡ್ತಾರೆ?" ಎಂದು ಶಾಲೆಯಲ್ಲಿ ಕೇಳಿದರೆ "ಗಾಜು ನೋಡ್ತಾರೆ" ಎನ್ನುತ್ತಿದ್ದೆ. ಮಕ್ಕಳು ನಗುತ್ತಿದ್ದರು. ಅಮ್ಮ ನೋಡಿದ ಗಾಜುಗಳನ್ನು ಈಗ ಮಗಳು ಒರೆಸಬೇಕು.

ಸೆಪ್ಟೆಂಬರ್ ೪, ಬುಧವಾರ

ಇಲ್ಲಿ ಇರುವುದು ಮೂವರು. ಮುಖ್ಯಸ್ಥೆಯನ್ನು ಎಲ್ಲರೂ ಮೇಡಂ ಎನ್ನುತ್ತಾರೆ. ಸ್ಕ್ಯಾನರ್ ನಡೆಸುವವರನ್ನು ನಾನು ಅಣ್ಣ ಎಂದು ಕರೆಯಲು ಶುರು ಮಾಡಿದ್ದೇನೆ. ಮೊದಲ ದಿನ ಸರ್ ಎಂದಿದ್ದಕ್ಕೆ, "ಸರ್ ಅಂದ್ರೆ ನಾನು ಹಿಂದೆ ತಿರುಗಿ ನೋಡ್ತೀನಿ ಮರಿ, ಯಾರು ಬಂದ್ರೋ ಅಂತ" ಎಂದಿದ್ದರು.

ಕೆಲಸ ಇಷ್ಟು. ಗಾಜಿನ ಮುಖದ ಮೇಲೆ ಹಿಂದಿನವರು ಶಾಯಿಯಲ್ಲಿ ಗುರುತು ಮಾಡಿದ್ದಾರೆ. ಸುತ್ತು, ಬಾಣ, ಅಕ್ಷರ. ಅವು ಇದ್ದರೆ ಸ್ಕ್ಯಾನರಿಗೆ ಅಡ್ಡ. ಮೊದಲು ಗುರುತುಗಳ ಫೋಟೊ ತೆಗೆಯಬೇಕು, ನಂತರ ಒದ್ದೆ ಬಟ್ಟೆ, ಸ್ಪಿರಿಟ್, ಬ್ಲೇಡು. ಲೇಪದ ಮುಖಕ್ಕೆ ಮಾತ್ರ ಬೆರಳು ತಾಗಬಾರದು. "ಲೇಪ ಯಾವತ್ತೂ ಮೇಜಿಗೆ ತಾಗಬಾರದು. ತಾಗಿದ್ರೆ ನಕ್ಷತ್ರ ಹೋಯ್ತು ಅಂತಲೇ ತಿಳ್ಕೋ" ಎಂದರು ಮೇಡಂ. ಒರೆಸುವಾಗ ಗಾಜನ್ನು ಅಂಚುಗಳಲ್ಲಷ್ಟೆ ಹಿಡಿಯುವ ಮರದ ಚೌಕಟ್ಟಿನ ಮೇಲೆ, ಲೇಪ ಕೆಳಗೆ ಮಾಡಿ ಕೂರಿಸುತ್ತೇವೆ. ಬೇರೆ ಎಲ್ಲಿಟ್ಟರೂ ಲೇಪ ಮೇಲೆ.

ಐದನೆಯದೋ ಆರನೆಯದೋ ಗಾಜಿನಲ್ಲಿ ಹಸಿರು ಶಾಯಿ ಬಂತು. ಅಮ್ಮನದು. ನನ್ನ ಶಾಲೆ ಪುಸ್ತಕಗಳ ಹೊದಿಕೆಯ ಮೇಲೆಲ್ಲ ಇದ್ದ ಅದೇ ಹಸಿರು, ಬಾಲ ಮೇಲಕ್ಕೆತ್ತಿದ ಅದೇ ಬಾಣ. ಫೋಟೊ ತೆಗೆದಾಯಿತು. ಬಟ್ಟೆ ಹಿಡಿದುಕೊಂಡು ಸುಮ್ಮನೆ ಕೂತಿದ್ದೆ. ಮೇಡಂ ಬಂದರು. ನಾನು ಅವರ ಸೀರೆಯ ಅಂಚನ್ನು ನೋಡುತ್ತ, "ಇದನ್ನೂ ಒರೆಸ್ಬೇಕಾ?" ಎಂದೆ.

"ಎಲ್ಲದನ್ನೂ."

ಒರೆಸಿದೆ. ಬಟ್ಟೆಗೆ ಹಸಿರು ಬಂತು. ಸಂಜೆ ಆ ಬಟ್ಟೆಯನ್ನು ಬುಟ್ಟಿಗೆ ಹಾಕಲಾಗದೆ ಚೀಲದಲ್ಲಿ ಇಟ್ಟುಕೊಂಡು ಬಂದಿದ್ದೇನೆ.

ಸೆಪ್ಟೆಂಬರ್ ೯, ಸೋಮವಾರ

ಬಟ್ಟೆ ಅಮ್ಮನ ಕಣ್ಣಿಗೆ ಬಿತ್ತು. "ಇದೇನೇ, ಕೊಳಕು ಚಿಂದಿ ಎತ್ತಿಟ್ಕೊಂಡಿದೀಯ?" ನಿನ್ನ ಶಾಯಿ ಎಂದೆ. "ಶಾಯಿ ಇರೋದೇ ಒರೆಸೋಕೆ, ಅದಕ್ಕೇ ಗಾಜಿನ ಕಡೆ ಬರೀತಿದ್ವಿ. ಒರೆಸೋದು ನಿನ್ನ ಕೆಲಸ, ಒರೆಸು. ಅತ್ಕೊಂಡು ಒರೆಸಿದ್ರೆ ಗೆರೆ ಬೀಳುತ್ತೆ ಅಷ್ಟೆ" ಎಂದಳು. ಚಿಕ್ಕಮ್ಮ ಆ ಬಟ್ಟೆಯನ್ನು ಒಗೆದು, ಹೊಲಿಗೆ ಯಂತ್ರಕ್ಕೆ ಎಣ್ಣೆ ಹಾಕಲು ಇಟ್ಟುಕೊಂಡಳು.

ಈಗ ಸಂಜೆ ಬಂದ ಕೂಡಲೇ ಅಮ್ಮನಿಗೆ ವರದಿ ಒಪ್ಪಿಸಬೇಕು. ಇವತ್ತು ಗೋಳಾಕಾರದ ನಕ್ಷತ್ರಗುಚ್ಛವೊಂದನ್ನು ನೋಡಿದೆ, ಎಂ ಹದಿಮೂರು. "ಒಡೆದ ಹತ್ತಿಕಾಯಿಯ ಹಾಗಿತ್ತಮ್ಮ, ಇಲ್ಲಾಂದ್ರೆ ದೀಪದ ಸುತ್ತ ಮುತ್ತಿದ ಹುಳುಗಳ ಹಾಗೆ..."

"ಹಾಗೆ ಹೀಗೆ ಬೇಡ. ಏನಿತ್ತು?"

"ನಡುವೆ ಒತ್ತೊತ್ತಾಗಿ ಕಪ್ಪು. ಹೊರಗೆ ಹೋಗ್ತಾ ಬಿಡಿ ಬಿಡಿ ಚುಕ್ಕಿ."

"ಹಾಂ. ಅಲ್ಲಿಗೆ ನಿಲ್ಲಿಸು. ನಿಮ್ಮ ಕಾಲೇಜಲ್ಲಿ ಒಂದನ್ನ ಇನ್ನೊಂದರ ಹಾಗಿದೆ ಅಂತ ಹೇಳಿದ್ರೆ ಮಾರ್ಕ್ಸ್ ಕೊಡ್ತಿದ್ರೇನೋ. ನಮ್ಮಲ್ಲಿ ಕೆಲಸದಿಂದ ತೆಗೀತಿದ್ರು."

ಅವರು ಕೆಲಸ ಮಾಡುತ್ತಿದ್ದ ರೀತಿ ಹೇಳಿದಳು. ಇಬ್ಬರು ಕೂರಬೇಕು. ಒಬ್ಬಳು ಮಸೂರದಲ್ಲಿ ನೋಡುತ್ತ ಒಂದೊಂದೇ ಚುಕ್ಕಿಗೆ "ಇದೆ" ಅಥವಾ "ಇಲ್ಲ" ಎಂದು ಕೂಗಬೇಕು, ಇನ್ನೊಬ್ಬಳು ಬರೆದುಕೊಳ್ಳಬೇಕು. ಬೇರೆ ಮಾತಿಲ್ಲ. ಇರಬಹುದು, ಇದ್ದ ಹಾಗಿದೆ ಎಂದೆಲ್ಲ ಹೇಳುವಂತಿಲ್ಲ. ಇಡೀ ದಿನ ಇದೆ, ಇದೆ, ಇಲ್ಲ, ಇದೆ. "ಮನೆಗೆ ಬಂದ ಮೇಲೂ ಹಾಗೇ. ನಿಮ್ಮಪ್ಪ ಊಟ ಆಯ್ತಾ ಅಂದ್ರೆ ಇಲ್ಲ. ಅನ್ನ ಇದೆಯಾ ಅಂದ್ರೆ ಇದೆ. ಸಂಸಾರ ಎಷ್ಟು ಸುಲಭವಾಗಿ ನಡೀತಿತ್ತು!"

ಅಪ್ಪ ಹೋಗಿ ಬಹಳ ವರ್ಷವಾಯಿತು. ಅವರ ವಿಷಯ ಅಮ್ಮ ನಗುತ್ತ ಎತ್ತಿದ್ದು ಇದೇ ಮೊದಲು.

ಸೆಪ್ಟೆಂಬರ್ ೧೩, ಶುಕ್ರವಾರ

ಇವತ್ತು ಅಮ್ಮನಿಗೆ ಉಸಿರು ಸಲೀಸಾಗಿತ್ತು. ತುಂಬ ಮಾತಾಡಿದಳು. ಮರೆಯುವ ಮೊದಲು ಬರೆದಿಡುತ್ತೇನೆ.

ಮೊದಲು ಇವೆಲ್ಲ ಆಕಾಶದಲ್ಲಿ ಮಸುಕು ಮಸುಕಾದ ಕಲೆಗಳು, ಅಷ್ಟೆ. ಧೂಮಕೇತು ಹುಡುಕುತ್ತಿದ್ದವನೊಬ್ಬನಿಗೆ ಇವುಗಳಿಂದ ಬಹಳ ತಾಪತ್ರಯ. ಧೂಮಕೇತು ಸಿಕ್ಕಿತೆಂದು ಕುಣಿದರೆ ಅದು ಜಾಗ ಬಿಟ್ಟು ಕದಲುತ್ತಿರಲಿಲ್ಲ. ಅದಕ್ಕೆ, ಇವನ್ನು ನೋಡಿ ಮೋಸ ಹೋಗಬೇಡಿ ಎಂದು ಅಂಥವುಗಳಿಗೆ ಒಂದೊಂದು ಸಂಖ್ಯೆ ಕೊಟ್ಟ. ಎಂ ಎಂದರೆ ಅವನ ಹೆಸರಿನ ಮೊದಲಕ್ಷರ. ಅವನು ಹಿಡಿದ ಧೂಮಕೇತುಗಳನ್ನು ಯಾರೂ ನೆನಪಿಟ್ಟಿಲ್ಲ. ಬೇಡವೆಂದು ಬದಿಗಿಟ್ಟವೇ ಪ್ರಸಿದ್ಧವಾದವು. ಎಂ ಹದಿಮೂರು, ಎಂ ನಲವತ್ತೆರಡು, ಎಂ ಮೂವತ್ತೊಂದು.

ಅವು ಒಂದೇ ಜಾತಿಯವಲ್ಲ ಎಂದು ತಿಳಿಯಲು ನೂರಕ್ಕೂ ಹೆಚ್ಚು ವರ್ಷ ಬೇಕಾಯಿತು. ಎಂ ನಲವತ್ತೆರಡು, ಅಂದರೆ ಒರಾಯನ್ ನೀಹಾರಿಕೆ, ನಿಜವಾಗಿ ಅನಿಲ. ಅದರೊಳಗೆ ನಕ್ಷತ್ರಗಳು ಹುಟ್ಟುತ್ತಿವೆ. ಕೃತ್ತಿಕೆ ಒಟ್ಟಿಗೆ ಹುಟ್ಟಿದ ನಕ್ಷತ್ರಗಳ ಗುಂಪು. ಎಂ ಮೂವತ್ತೊಂದು, ಆಂಡ್ರೊಮಿಡಾ, ಅದರದ್ದೇ ದೊಡ್ಡ ಜಗಳ. ನಮ್ಮ ಆಕಾಶಗಂಗೆಯ ಒಳಗಿನ ಮೋಡವೋ, ಹೊರಗೆ ಇನ್ನೊಂದು ಆಕಾಶಗಂಗೆಯೋ? ಜಗಳ ಬಗೆಹರಿದದ್ದು ಒಂದು ಗಾಜಿನ ಮೇಲಿನ ಒಂದು ಚುಕ್ಕಿಯಿಂದ. ಅದು ಕೆಲವು ದಿನ ಬೆಳಗಿ, ಕೆಲವು ದಿನ ಮಂಕಾಗಿ, ಮತ್ತೆ ಬೆಳಗುವ ಜಾತಿಯ ನಕ್ಷತ್ರ. ಏರಿಳಿತಕ್ಕೆ ಎಷ್ಟು ದಿನ ಹಿಡಿಯುತ್ತದೆಂದು ಗೊತ್ತಾದರೆ ಅದು ನಿಜವಾಗಿ ಎಷ್ಟು ಪ್ರಕಾಶಮಾನ ಎಂದು ಗೊತ್ತು. ನಮಗೆಷ್ಟು ಮಂಕಾಗಿ ಕಾಣುತ್ತದೆ ಎಂಬುದರಿಂದ ಎಷ್ಟು ದೂರ ಎಂದು ಗೊತ್ತು. ಅಷ್ಟು ದೂರದ್ದು ನಮ್ಮೊಳಗಿನದಾಗಲು ಸಾಧ್ಯವಿಲ್ಲ, ಅದು ಬೇರೆಯೇ ಒಂದು ಗೆಲಾಕ್ಸಿ. ಆ ಲೆಕ್ಕಾಚಾರದ ಬುಡವನ್ನು ಕಂಡುಹಿಡಿದವಳೂ ಗಾಜು ನೋಡುತ್ತಿದ್ದ ಒಬ್ಬ ಹೆಂಗಸು ಎಂದು ಅಮ್ಮ ಕುತ್ತಿಗೆ ಎತ್ತಿ ಹೇಳಿದಳು, ತನ್ನ ಸ್ವಂತ ಅಕ್ಕನ ವಿಷಯ ಹೇಳುವವಳ ಹಾಗೆ.

ಮತ್ತೊಂದು ಮಾತು. ಮಸುಕಾದದ್ದನ್ನು ದೂರದರ್ಶಕದಲ್ಲಿ ನೋಡುವಾಗ ನೇರ ನೋಡಿದರೆ ಮಾಯವಾಗುತ್ತದಂತೆ. ಸ್ವಲ್ಪ ಪಕ್ಕಕ್ಕೆ ನೋಡಬೇಕು, ಆಗ ಕಣ್ಣಂಚಿನಲ್ಲಿ ಕಾಣುತ್ತದೆ. "ನಾವೆಲ್ಲ ತಿಂಗಳುಗಟ್ಟಲೆ ಅಭ್ಯಾಸ ಮಾಡಿ ಕಲಿತ್ವಿ. ನಿನಗೆ ಹುಟ್ಟಿನಿಂದಲೇ ಬಂದಿದೆ. ಯಾರು ಮಾತಾಡ್ಸಿದ್ರೂ ಅವರ ಕಿವಿ ನೋಡ್ತೀಯ."

ಚಿಕ್ಕಮ್ಮ ಯಂತ್ರ ನಿಲ್ಲಿಸಿ, "ಕಿವಿ ಎಲ್ಲಿ? ಗೋಡೆ ನೋಡ್ತಾಳೆ. ಹೋದ ಸಲ ಬಂದ ಹುಡುಗ ಗೋಡೆ ಮೇಲೆ ಹಲ್ಲಿ ಇದೆ ಅಂತ ತಿಳ್ಕೊಂಡು ಎದ್ದೇ ಹೋದ" ಎಂದಳು.

ಸೆಪ್ಟೆಂಬರ್ ೧೮, ಬುಧವಾರ

ಆಂಡ್ರೊಮಿಡಾದ ಕಪಾಟು ತೆರೆದೆವು. ಒರೆಸುವುದು ಮುಂದಿನ ತಿಂಗಳು. ಈಗ ಬರೀ ಜೋಡಿಸುವುದು. ಅಮ್ಮನ ಹಸಿರು ಒಂದು ಗಾಜಿನಲ್ಲಿತ್ತು. ಬೆಳಕಿನ ಪೆಟ್ಟಿಗೆಯ ಮುಂದೆ ಹಿಡಿದು ನೋಡಿದೆ, ಬರಹ ನನ್ನ ಕಡೆಗೆ. ಓರೆಯಾಗಿ ಮಲಗಿದ ಉದ್ದನೆಯ ಕಪ್ಪು, ಅದೇ ಗೆಲಾಕ್ಸಿ. ಬಲಗಡೆ ಮೇಲೆ, ಸ್ವಲ್ಪ ದೂರದಲ್ಲಿ, ಒಂದು ಪುಟ್ಟ ಗೆಲಾಕ್ಸಿ. ನಡುವಿನಿಂದ ಬಲಕ್ಕೆ ಒಂದು ಹೆಬ್ಬೆರಳಿನ ಅಗಲದಲ್ಲಿ ಒಂದು ಹಸಿರು ಸುತ್ತು. ಸುತ್ತಿನೊಳಗೆ ಒಂದು ಚುಕ್ಕಿ. ಪಕ್ಕದಲ್ಲಿ ಒಂದು ಪ್ರಶ್ನಾರ್ಥಕ ಚಿಹ್ನೆ. ಅಮ್ಮನ ಬೇರೆ ಯಾವ ಗುರುತಿನಲ್ಲೂ ಪ್ರಶ್ನೆ ಇಲ್ಲ.

ಅಣ್ಣ ಹಿಂದಿನಿಂದ ಇಣುಕಿ, "ಅಯ್ಯೋ, ಕೊಳೆ ನಕ್ಷತ್ರ!" ಎಂದರು. ಆಮೇಲೆ ನಾನು ಯಾರ ಮಗಳೆಂದು ನೆನಪಾಗಿ ನಾಲಿಗೆ ಕಚ್ಚಿಕೊಂಡರು.

ಮನೆಗೆ ಬಂದು ಕೇಳಿದೆ. ಅಮ್ಮ ದಿಂಬಿಗೆ ಒರಗಿ ಕೂತಳು.

"ನೀನಾಗ ಹೊಟ್ಟೇಲಿದ್ದೆ. ಆ ಚುಕ್ಕಿ ಅದಕ್ಕೆ ಮುಂಚಿನ ಯಾವ ಗಾಜಲ್ಲೂ ಇರ್ಲಿಲ್ಲ. ನೋವಾ ಅಂತಾರೆ ನೋಡು, ಕಾಣದೇ ಇದ್ದ ಹಳೇ ನಕ್ಷತ್ರ ಭಗ್ ಅಂತ ಹೊತ್ಕೊಂಡು ಕೆಲವು ದಿನ ಕಾಣುತ್ತಲ್ಲ, ಅದು ಅಂದೆ. ಆಗಿನ ಸಾಹೇಬ್ರು ನೋಡಿ, ಇದು ಗಾಜು ತೊಳೆಯುವಾಗ ಕೂತ ಕೊಳೆ ಕಣಮ್ಮ ಅಂದ್ರು. ಮುಂದಿನ ದಿನಗಳದ್ದು ನೋಡೋಣ ಅಂದ್ರೆ ಎರಡು ವಾರ ಮೋಡ."

"ಮತ್ತೆ ಹೇಗೆ ತಿಳಿಯೋದು?"

"ಜೋಡಿ ಇತ್ತಲ್ಲ. ಯಾವಾಗ್ಲೂ ಒಂದಾದ ಮೇಲೊಂದು ಎರಡು ಗಾಜು ತೆಗೀತಿದ್ರು. ಎರಡರಲ್ಲೂ ಇದ್ರೆ ಅದು ಆಕಾಶದ್ದು. ಒಂದರಲ್ಲೇ ಇದ್ರೆ ಗಾಜಿಂದು. ನಾನು ನೋಡೋಕೆ ಮುಂಚೆ ಆ ಎರಡನೇ ಗಾಜನ್ನ ಯಾರೋ ಹೊರಗಿನ ವಿದ್ವಾಂಸರು ಎರವಲು ತಗೊಂಡು ಹೋದ್ರು. ಎಷ್ಟೋ ವರ್ಷ ಆದ್ಮೇಲೆ ಅದು ವಾಪಸ್ ಬರೋ ಹೊತ್ತಿಗೆ ನಾನು ಕೆಲಸ ಬಿಟ್ಟು ಮನೆಗೆ ಬಂದಾಗಿತ್ತು. ಕ್ಯಾಂಟೀನಲ್ಲಿ ದಿನಾ ಕೇಳ್ತಿದ್ರು, ಏನಮ್ಮಾ ನಿನ್ನ ಕೊಳೆ ನಕ್ಷತ್ರ ಸೋಪು ಹಾಕಿದ್ರೆ ಹೋಗುತ್ತಾ ಅಂತ. ನಾನೂ ನಗ್ತಿದ್ದೆ."

ಆಮೇಲೆ, "ಅಂಚು ಮೆತ್ತಗಿತ್ತು ಕಣೇ. ಕೊಳೇದು ಅಂಚು ಚೂಪಾಗಿರುತ್ತೆ" ಎಂದಳು.

ಮೂರು ದಶಕದಿಂದ ಅಮ್ಮ ಆ ಅಂಚಿನ ಬಗ್ಗೆ ಯೋಚಿಸುತ್ತಿದ್ದಾಳೆ. ನನಗೆ ಗೊತ್ತೇ ಇರಲಿಲ್ಲ.

ಸೆಪ್ಟೆಂಬರ್ ೨೪, ಮಂಗಳವಾರ

ಡಾಕ್ಟರು ಚಿಕ್ಕಮ್ಮನನ್ನು ಹೊರಗೆ ಕರೆದು ಮಾತಾಡಿದರು. ಬಾಗಿಲ ಗಾಜಿನಿಂದ ನೋಡುತ್ತಿದ್ದೆ. ಚಿಕ್ಕಮ್ಮ ತಲೆ ಆಡಿಸುತ್ತಲೇ ಇದ್ದಳು, ಅವರು ಹೇಳಿ ಮುಗಿಸಿದ ಮೇಲೂ.

ಇನ್ನು ಔಷಧಿ ನೋವಿಗೆ ಮಾತ್ರ.

ಸೆಪ್ಟೆಂಬರ್ ೨೭, ಶುಕ್ರವಾರ

ಎರಡನೆಯ ಗಾಜು ಇಲ್ಲೇ ಇದೆ. ವಾಪಸ್ ಬರುವಾಗ ಮೂಲೆ ಮುರಿದಿತ್ತಂತೆ. ಒಡೆದ ಗಾಜುಗಳಿಗೆಲ್ಲ ಬೇರೆ ಕಪಾಟು. ಅದಕ್ಕೆ ಇವರಿಟ್ಟ ಹೆಸರು ಆಸ್ಪತ್ರೆ. ಬೀಗ ಮೇಡಂ ಹತ್ತಿರ. ಒಡೆದವನ್ನು ಎಲ್ಲಕ್ಕಿಂತ ಕೊನೆಗೆ, ಬರುವ ವರ್ಷ ಸ್ಕ್ಯಾನ್ ಮಾಡುತ್ತಾರೆ.

ಬರುವ ವರ್ಷ.

ಬೆಳಿಗ್ಗೆಯಿಂದ ಮೇಡಂ ಕೋಣೆಯ ಮುಂದೆ ನಾಲ್ಕಾರು ಸಲ ಓಡಾಡಿದೆ. ಒಮ್ಮೆ ಒಳಗೂ ಹೋದೆ. ಅವರು ತಲೆ ಎತ್ತಿದರು. "ಸ್ಪಿರಿಟ್ ಮುಗೀತಾ ಬಂತು ಮೇಡಂ" ಎಂದು ಹೇಳಿ ಬಂದೆ. ಸ್ಪಿರಿಟ್ ಬಾಟಲಿ ಪೂರ್ತಿ ತುಂಬಿದೆ. ನನ್ನ ಮೇಲೆ ನನಗೇ ಹೇಸಿಗೆ.

ಸೆಪ್ಟೆಂಬರ್ ೩೦, ಸೋಮವಾರ

ಅಣ್ಣನಿಗೆ ಹೇಳಿದೆ. ಹೇಳುವಾಗ ಅಳು ಬಂತು. ಅವರು ತಮಾಷೆ ಮಾಡಲಿಲ್ಲ. ಮೇಡಂ ಊಟಕ್ಕೆ ಹೋಗುವಾಗ ಏನೋ ಹೇಳಿ ಬೀಗದ ಕೈ ತಂದು, "ಬೇಗ ನೋಡು ಮರಿ. ನಾನು ಬಾಗಿಲ ಹತ್ರ ಇರ್ತೀನಿ" ಎಂದರು.

ಆ ಗಾಜಿನ ಮೇಲೆ ಯಾರ ಗುರುತೂ ಇಲ್ಲ, ಎರಡು ಕಡೆಯೂ ಶಾಯಿ ಇಲ್ಲ. ಮುರಿದ ಮೂಲೆಯಿಂದಾಗಿ ಚೌಕಟ್ಟಿನಲ್ಲಿ ಕೂರಲಿಲ್ಲ. ಬೆಳಕಿನ ಮೇಜಿನ ಮೇಲೇ ಇಟ್ಟೆ. ಲೇಪ ತಾಗದ ಹಾಗೆ, ಜೋಪಾನವಾಗಿ, ಲೇಪ ಮೇಲೆ ಮಾಡಿ ಇಟ್ಟೆ. ಪಕ್ಕದಲ್ಲಿ ಅಮ್ಮನ ಗಾಜು, ಚೌಕಟ್ಟಿನ ಮೇಲೆ. ಗೆಲಾಕ್ಸಿಯ ಓರೆ ಎರಡರಲ್ಲೂ ಒಂದೇ ಆಗುವವರೆಗೆ ಎರಡನೆಯದನ್ನು ಸುತ್ತಿಸಿದೆ. ಇದರಲ್ಲಿ ಪುಟ್ಟ ಗೆಲಾಕ್ಸಿ ಮೇಲೇ ಇದ್ದರೂ ಎಡಕ್ಕೆ ಬಂತು. ದೂರದರ್ಶಕವನ್ನು ತಿರುಗಿಸಿರಬೇಕು. ನಡುವಿನಿಂದ ಬಲಕ್ಕೆ ಒಂದು ಹೆಬ್ಬೆರಳು ಅಳೆದೆ. ಮಸೂರ ಇಟ್ಟೆ. ನೇರ ನೋಡಿದೆ, ಪಕ್ಕದಿಂದ ನೋಡಿದೆ. ಉಸಿರು ಬಿಗಿ ಹಿಡಿದು ನೋಡಿದೆ.

ಇಲ್ಲ.

ಸುತ್ತಮುತ್ತ ನೂರು ಚುಕ್ಕಿ. ಅಲ್ಲಿ ಮಾತ್ರ ಇಲ್ಲ.

ಅಣ್ಣ ಬಾಗಿಲಿನಿಂದ ನನ್ನ ಮುಖ ನೋಡಿದರು. ಗಾಜನ್ನು ಆಸ್ಪತ್ರೆಗೆ ಹಾಕಿ ಬೀಗ ಹಾಕಿದರು.

ಅಕ್ಟೋಬರ್ ೧, ಮಂಗಳವಾರ

ನಿನ್ನೆ ಸಂಜೆ ಬಂದಾಗ ಅಮ್ಮ ನಿದ್ದೆಯಲ್ಲಿದ್ದಳು. ಇವತ್ತು ಸುಳ್ಳು ಹೇಳಬೇಕೆಂದುಕೊಂಡೇ ಬಸ್ ಹತ್ತಿದೆ. ಇದೆ ಎಂದು ಬಿಟ್ಟರೆ ಯಾರಿಗೇನು ನಷ್ಟ? ಎರಡು ಸ್ಟಾಪ್ ಉದ್ದಕ್ಕೂ ಆ ಒಂದು ಪದವನ್ನು ಬಾಯಲ್ಲಿಟ್ಟುಕೊಂಡು ಬಂದೆ.

ಅಮ್ಮ ನನ್ನನ್ನು ಕಂಡ ಕೂಡಲೇ, "ನೋಡಿದೆಯಾ?" ಎಂದಳು. ನಾನು ನೋಡುತ್ತೇನೆಂದು ಅವಳಿಗೆ ಹೇಳಿಯೇ ಇರಲಿಲ್ಲ.

"ಇಲ್ಲ" ಎಂದೆ.

"ನೋಡಿಲ್ವಾ?"

"ನೋಡಿದೆ. ಇಲ್ಲ."

ಕಣ್ಣು ಮುಚ್ಚಿದಳು. ದಿಂಬಿನ ಮೇಲೆ ತಲೆ ಇನ್ನೂ ಸಣ್ಣದಾದಂತೆ ಕಂಡಿತು. ಕಣ್ಣು ಮುಚ್ಚಿಕೊಂಡೇ, "ಮರಿ ಯಾವ ಕಡೆ ಇತ್ತು?" ಎಂದಳು. ಪುಟ್ಟ ಗೆಲಾಕ್ಸಿಗೆ ಅವಳು ಮರಿ ಎನ್ನುತ್ತಾಳೆ.

"ಎಡಕ್ಕೆ."

"ಎರಡನೇದ್ರಲ್ಲಾ?"

"ಹೂಂ, ಎಡಕ್ಕೆ."

ಕಣ್ಣು ತೆರೆದು ನನ್ನನ್ನೇ ನೋಡಿದಳು. ಆಮೇಲೆ ಏಕೋ ನಕ್ಕಳು. ಸದ್ದಿಲ್ಲದ ನಗು, ಕೆಮ್ಮು ಬಾರದಂತೆ ಹುಷಾರಾಗಿ. "ಸರಿ ಬಿಡು. ಇನ್ನೊಂದ್ಸಲ ನೋಡು ಯಾವಾಗಾದ್ರೂ. ಆತುರ ಏನಿಲ್ಲ."

ನನಗೆ ಎಲ್ಲಿತ್ತೋ ಸಿಟ್ಟು. "ಎಷ್ಟು ಸಲ ನೋಡ್ಲಮ್ಮ? ಇಲ್ಲ ಅಂದ್ನಲ್ಲ!" ಎಂದುಬಿಟ್ಟೆ. ಅಮ್ಮನ ಎದುರು ಇಷ್ಟು ಜೋರಾಗಿ ಮಾತಾಡಿದ ನೆನಪೇ ಇಲ್ಲ. ಚಿಕ್ಕಮ್ಮ ಅಡುಗೆಮನೆಯಿಂದ ಬಂದು ನಿಂತಳು.

"ಸರಿ, ಸರಿ. ಇಲ್ಲ" ಎಂದಳು ಅಮ್ಮ, ಮಗುವನ್ನು ಸಮಾಧಾನ ಮಾಡುವ ದನಿಯಲ್ಲಿ. ನನ್ನ ಕೈ ಹಿಡಿದುಕೊಂಡೇ ನಿದ್ದೆ ಹೋದಳು.

ಅಕ್ಟೋಬರ್ ೭, ಸೋಮವಾರ

ಅಮ್ಮ ಇಲ್ಲ.

ಅಕ್ಟೋಬರ್ ೨೦, ಭಾನುವಾರ

ಫೋನಿನಲ್ಲಿ ಎಲ್ಲರಿಗೂ ಚಿಕ್ಕಮ್ಮನೇ ಹೇಳುತ್ತಾಳೆ. ಹೊಲಿಗೆಯ ಹಳೆಯ ಗಿರಾಕಿಯೊಬ್ಬರು ಅಕ್ಕ ಹೇಗಿದ್ದಾರೆ ಎಂದು ಕೇಳಿರಬೇಕು. "ಇಲ್ಲ" ಎಂದಳು. ಅವರಿಗೆ ಅರ್ಥವಾಗಲಿಲ್ಲವೇನೋ. "ಇಲ್ಲ ಅಂದ್ರೆ ಇಲ್ಲ" ಎಂದು ಫೋನ್ ಇಟ್ಟು, ಯಂತ್ರದ ಮುಂದೆ ಕೂತು, ಬಟ್ಟೆಯನ್ನೇ ಇಡದೆ ಚಕ್ರ ತಿರುಗಿಸಿದಳು.

ಮಂಚ ತೆಗೆದಿಲ್ಲ. ಚಿಕ್ಕಮ್ಮ ದಿನವೂ ಹಾಸಿಗೆ ಕೊಡವಿ ಹಾಸುತ್ತಾಳೆ. ಯಾಕೆಂದು ನಾನು ಕೇಳುವುದಿಲ್ಲ.

ನಾಳೆ ಕೆಲಸಕ್ಕೆ ಹೋಗುತ್ತೇನೆ.

ಅಕ್ಟೋಬರ್ ೨೮, ಸೋಮವಾರ

ಆಂಡ್ರೊಮಿಡಾದ ಕಪಾಟಿನ ಸರದಿ ಬಂತು. ಹಸಿರು ಸುತ್ತಿನ ಗಾಜು ಬಂದಾಗ ಪಕ್ಕಕ್ಕಿಟ್ಟೆ. ಮಧ್ಯಾಹ್ನ ಮೇಡಂ ನೋಡಿದರು.

"ಇದ್ಯಾಕೆ ಉಳೀತು?"

"ನಾಳೆ ಒರೆಸ್ತೀನಿ."

"ಯಾಕೆ ನಾಳೆ?"

"ನಾಳೆ ಒರೆಸ್ತೀನಿ ಮೇಡಂ." ಅವರ ಕಣ್ಣುಗಳು ಕಂದು. ಇಷ್ಟು ದಿನ ಕಪ್ಪೆಂದುಕೊಂಡಿದ್ದೆ.

ಅವರು ಸ್ವಲ್ಪ ಹೊತ್ತಿಗೆ ಬೀಗದ ಕೈ ತಂದು ಮೇಜಿನ ಮೇಲಿಟ್ಟರು. "ಆಸ್ಪತ್ರೆ ಕಪಾಟಿನವಕ್ಕೂ ಧೂಳು ತೆಗೆದುಬಿಡು. ಮುರಿದವಕ್ಕೆ ಅಣ್ಣ ಬೇರೆ ಚೌಕಟ್ಟು ಮಾಡಿಸಿದಾರೆ." ನನಗೆ ಬೇರೆ ಕೆಲಸ ಕೊಟ್ಟು ಆ ಗಾಜಿನಿಂದ ದೂರ ಇಡಬೇಕೆಂದುಕೊಂಡಿರಬೇಕು.

ಮೂರನೆಯದು ಅದೇ ಗಾಜು, ಮೂಲೆ ಮುರಿದದ್ದು. ನೋಡಬೇಕೆಂದು ತೆಗೆಯಲಿಲ್ಲ. ಒರೆಸಲು ತೆಗೆದೆ. ಎರಡು ತಿಂಗಳಿಂದ ಕೈಗೆ ಇದೇ ಅಭ್ಯಾಸ: ಬೆಳಕಿಗೆ ಓರೆಯಾಗಿ ಹಿಡಿದು ಮಂಕಾದ ಮುಖ ಯಾವುದೆಂದು ನೋಡುವುದು, ಅದನ್ನು ಕೆಳಗೆ ಮಾಡಿ ಚೌಕಟ್ಟಿನಲ್ಲಿ ಕೂರಿಸುವುದು. ಕೂರಿಸಿದೆ. ಕೆಳಗಿನ ದೀಪ ಹಾಕಿದೆ. ಓರೆಯಾದ ಗೆಲಾಕ್ಸಿ. ಮೇಲೆ, ಬಲಕ್ಕೆ, ಮರಿ.

ಬಲಕ್ಕೆ.

ಬಟ್ಟೆ ಕೆಳಗಿಟ್ಟೆ.

ಗಾಜನ್ನು ಎಷ್ಟು ಸುತ್ತಿಸಿದರೂ ಎಲ್ಲವೂ ಒಟ್ಟಿಗೆ ಸುತ್ತುತ್ತದೆ, ಮರಿ ತಾಯಿಯನ್ನು ದಾಟಿ ಆಚೆ ಹೋಗುವುದಿಲ್ಲ. ಮೇಲಿನದು ಮೇಲೇ ಇದ್ದು ಎಡ ಮಾತ್ರ ಬಲವಾಗಬೇಕಾದರೆ ಗಾಜನ್ನು ಮಗುಚಬೇಕು. ಆ ದಿನ ನಾನು ಅಮ್ಮನ ಗಾಜನ್ನು ಗಾಜಿನ ಕಡೆಯಿಂದ ನೋಡಿದ್ದೆ. ಇದನ್ನು ಲೇಪದ ಕಡೆಯಿಂದ ನೋಡಿದ್ದೆ, ಕನ್ನಡಿಯಲ್ಲಿ ನೋಡುವಂತೆ. ಗೀರು ಬೀಳಬಾರದೆಂದು, ಜೋಪಾನ ಮಾಡಿ, ಮಗುಚಿ ಇಟ್ಟಿದ್ದೆ. ಚುಕ್ಕಿ ಇರಬೇಕಾದ ಕಡೆ ಬಿಟ್ಟು ಅದರ ಎದುರು ಕಡೆ ಹುಡುಕಿದ್ದೆ.

ಮಸೂರ ಹಿಡಿಯಲು ಆಗಲಿಲ್ಲ. ಅಣ್ಣನನ್ನು ಕರೆದೆ. "ನಡುವಿಂದ ಬಲಕ್ಕೆ, ಒಂದು ಹೆಬ್ಬೆರಳು" ಎಂದೆ. ಅವರು ಅಮ್ಮನ ಗಾಜನ್ನೂ ತಂದು ಪಕ್ಕದಲ್ಲಿಟ್ಟು, ಇದನ್ನೊಮ್ಮೆ ಅದನ್ನೊಮ್ಮೆ ನೋಡಿದರು. ಬಹಳ ಹೊತ್ತು ನೋಡಿದರು. ಆಮೇಲೆ ಕನ್ನಡಕ ತೆಗೆದು ಒರೆಸಿಕೊಂಡರು.

"ಅಣ್ಣ, ಒಂದೇ ಮಾತು ಹೇಳಿ."

"ಇದೆ, ಮರಿ."

ಅಕ್ಟೋಬರ್ ೩೦, ಬುಧವಾರ

ಈ ಪುಸ್ತಕದಲ್ಲಿ ಹಿಂದಕ್ಕೆ ಹೋಗಿ ಓದಿದೆ. ಎಡಕ್ಕೆ ಬಂತು ಎಂದು ನಾನೇ ಬರೆದಿದ್ದೇನೆ. ದೂರದರ್ಶಕ ತಿರುಗಿಸಿರಬೇಕು ಎಂದೂ ಬರೆದಿದ್ದೇನೆ.

ಅಮ್ಮನಿಗೆ ತಿಳಿದಿತ್ತು. ಮರಿ ಯಾವ ಕಡೆ ಎಂದು ಕೇಳಿದ್ದೇ ಅದಕ್ಕೆ. ಎಡಕ್ಕೆ ಎಂದ ಕ್ಷಣ, ಮಗಳು ಗಾಜು ಮಗುಚಿ ಇಟ್ಟಿದ್ದಾಳೆ, ಇನ್ನೂ ಯಾರೂ ಅದನ್ನು ನೋಡಿಯೇ ಇಲ್ಲ ಎಂದು ಅರ್ಥವಾಗಿತ್ತು. ಹೇಳಬಹುದಿತ್ತು. ಹೇಳಿದ್ದರೆ ಮರುದಿನವೇ ನೋಡಿ ಬರುತ್ತಿದ್ದೆ, ಅವಳು ಇನ್ನೂ ಐದಾರು ದಿನ ಇದ್ದಳು. ಯಾಕೆ ಹೇಳಲಿಲ್ಲ? ನಾನು ಬೆಳಿಗ್ಗೆಯಿಂದ ಅಳುಮುಖ ಹೊತ್ತು ಬಂದಿದ್ದೆ, ಅದಕ್ಕೋ? ಹೇಳುವ ಮೊದಲೇ ನಾನು ಕಿರುಚಿದೆ, ಅದಕ್ಕೋ? ಇನ್ನೊಮ್ಮೆ "ಇಲ್ಲ" ಕೇಳುವ ಶಕ್ತಿ ಇರಲಿಲ್ಲವೋ? ಆತುರ ಏನಿಲ್ಲ ಎಂದಳು. ಅವಳಿಗಿಲ್ಲದ ಆತುರ ನನಗಾದರೂ ಇರಬೇಕಿತ್ತು.

ಮೇಡಂ ಎರಡೂ ಗಾಜು ನೋಡಿದರು. ಹಳೆಯ ಗಾಜುಗಳನ್ನೂ ತರಿಸಿ ನೋಡಿದರು. ನೋವಾ ಎಂದರು. ಆಂಡ್ರೊಮಿಡಾದಲ್ಲಿ ವರ್ಷಕ್ಕೆ ಹತ್ತಾರು ಕಾಣುತ್ತವೆ, ಇದೇನೂ ದೊಡ್ಡ ಸುದ್ದಿಯಲ್ಲ, ಆದರೆ ಇದನ್ನು ಬೇರೆ ಯಾರೂ ಕಂಡಿಲ್ಲ. ಒಂದು ಸಾಲು ಪ್ರಕಟಿಸಬಹುದು ಎಂದರು.

"ಕಂಡವರು ಯಾರು ಅಂತ ಬರೀಲಿ?"

"ಅಮ್ಮ."

"ಅಮ್ಮ ಅಂತ ಬರೆಯೋಕಾಗಲ್ಲಮ್ಮ" ಎಂದರು ಮೆಲ್ಲಗೆ. ಕಾಗದದ ಮೇಲೆ ಅಮ್ಮನ ಪೂರ್ತಿ ಹೆಸರು ಬರೆದುಕೊಟ್ಟೆ. ಬರೆಯುವಾಗ ಅದು ಯಾರದೋ ಹೆಸರೆನಿಸಿತು.

ಹೋಗುವಾಗ ಅಣ್ಣ ಸಮಾಧಾನ ಹೇಳಲು ಬಂದರು. ಆ ಬೆಳಕು ಅಲ್ಲಿಂದ ಹೊರಟು ಇಪ್ಪತ್ತೈದು ಲಕ್ಷ ವರ್ಷವಾಯಿತು,  ಅದರ ಮುಂದೆ ನಮ್ಮ ಹಿಂದು ಮುಂದು ಏನು ಲೆಕ್ಕ ಎಂದರು. ಒಳ್ಳೆಯ ಮನಸ್ಸಿನಿಂದಲೇ ಹೇಳಿದರು. ಆದರೆ ಆ ಬೆಳಕು ಅಷ್ಟು ದೂರದಿಂದ ಹೊರಟು ಸಮಯಕ್ಕೆ ಸರಿಯಾಗಿ ಬಂದು ಅಮ್ಮನಿಗೆ ಸಿಕ್ಕಿತು. ನಾನು ಎರಡು ಬಸ್ ಸ್ಟಾಪಿನಾಚೆ ಇದ್ದೆ.

ನವೆಂಬರ್ ೧, ಶುಕ್ರವಾರ

ಚಿಕ್ಕಮ್ಮನಿಗೆ ಹೇಳಿದೆ. ಕತ್ತರಿ ಕೆಳಗಿಟ್ಟು ಕೇಳಿದಳು. "ಹಾಗಾದ್ರೆ ಕೊಳೆ ಅಲ್ವಾ?"

"ಅಲ್ಲ."

"ಅವರೆಲ್ಲ ನಗ್ತಿದ್ರು ಅಂತ ಅಕ್ಕ ನನ್ನ ಹತ್ರ ಎಷ್ಟು ಸಲ ಅತ್ತಿದ್ದಾಳೆ" ಎಂದಳು. ಅಮ್ಮ ಅತ್ತದ್ದು ನನಗೆ ಗೊತ್ತಿಲ್ಲ. ತಾನೂ ನಗುತ್ತಿದ್ದೆ ಎಂದಿದ್ದಳು ನನಗೆ.

ಸಂಜೆ ಇಬ್ಬರೂ ಸೇರಿ ಮಂಚ ಬಿಚ್ಚಿದೆವು.

ನವೆಂಬರ್ ೪, ಸೋಮವಾರ

ಹಸಿರು ಸುತ್ತನ್ನು ಹಾಗೇ ಉಳಿಸಿಕೊಳ್ಳಬಹುದು ಎಂದರು ಮೇಡಂ. ಒಂದು ಗಾಜು ಸ್ಕ್ಯಾನ್ ಆಗದಿದ್ದರೆ ಪ್ರಳಯವೇನೂ ಆಗುವುದಿಲ್ಲ ಎಂದರು. ಬೇಡ ಎಂದೆ. ಶಾಯಿ ಇರುವುದು ಒರೆಸಲು.

ಫೋಟೊ ತೆಗೆದೆ. ಲೇಪ ಕೆಳಗೆ ಮಾಡಿ ಚೌಕಟ್ಟಿನಲ್ಲಿ ಕೂರಿಸಿದೆ. ಮೊದಲು ಪ್ರಶ್ನಾರ್ಥಕ ಚಿಹ್ನೆ ಒರೆಸಿದೆ. ಆಮೇಲೆ ಸುತ್ತು. ಹಳೆಯ ಶಾಯಿ, ಎರಡು ಸಲ ಸ್ಪಿರಿಟ್ ಹಾಕಬೇಕಾಯಿತು. ಬಟ್ಟೆ ಬುಟ್ಟಿಗೆ ಹಾಕಿದೆ. ಗೆರೆ ಬಿದ್ದಿಲ್ಲ.

ಮಸೂರ ಇಟ್ಟು ನೋಡಿದೆ. ಅಂಚು ಮೆತ್ತಗಿದೆ.

ಎದುರಿನ ಕುರ್ಚಿ ಖಾಲಿ ಇತ್ತು, ಹಿಂದೆ ಬರೆದುಕೊಳ್ಳುವವಳು ಕೂರುತ್ತಿದ್ದ ಕುರ್ಚಿ. ಅದರ ಕಡೆ ನೇರವಾಗಿ ನೋಡಿ, ಕೇಳಿಸುವಷ್ಟು ಜೋರಾಗಿ ಹೇಳಿದೆ.

"ಇದೆ."